ಗುಲಾಬಿ ಕಾಲುಚೀಲದ ಅದೃಷ್ಟ

ಆಗಸ್ಟ್ 4, ಸೋಮವಾರ

ರಕ್ತದೊತ್ತಡ ನೋಡುವ ನರ್ಸಮ್ಮ ಹೇಳಿದ್ದಾಳೆ, ಸಿಟ್ಟು ನುಂಗಬೇಡಿ, ಒಂದು ಪುಸ್ತಕದಲ್ಲಿ ಬರೆದುಹಾಕಿ ಎಂದು. ಸರಿ, ಬರೆಯುತ್ತೇನೆ. ಆದರೆ ಒಂದು ಪುಸ್ತಕ ಸಾಲುವುದಿಲ್ಲ.

ಇವತ್ತು ಹುಡುಗರು ಅಭ್ಯಾಸಕ್ಕೆ ಬಂದರು. ತೊಂಬತ್ತೆರಡು ಜನ. ಅರ್ಕನ್ಸಾದ ಆಗಸ್ಟ್ ಬಿಸಿಲಿನಲ್ಲಿ, ತಲೆಗೆ ಹೆಲ್ಮೆಟ್ಟು, ಹೆಗಲಿಗೆ ದಿಂಬಿನಂಥ ಕವಚ ಕಟ್ಟಿಕೊಂಡು ನಾಲ್ಕು ಗಂಟೆ ಒಬ್ಬರಿಗೊಬ್ಬರು ಡಿಕ್ಕಿ ಹೊಡೆದರು. ಹೆಸರಿಗೆ ಫುಟ್‌ಬಾಲ್, ಕಾಲಿಗೆ ಚೆಂಡು ತಾಗುವುದು ಅಪರೂಪ, ತಲೆಗೆ ತಲೆ ತಾಗುವುದೇ ಹೆಚ್ಚು. ಆಮೇಲೆ ಆ ಬೆವರು, ಮಣ್ಣು, ವಾಂತಿ ಎಲ್ಲ ನನ್ನ ಕೋಣೆಗೆ ಬಂತು. ಇಪ್ಪತ್ತೇಳು ವರ್ಷದಿಂದ ಈ ಕಾಲೇಜು ತಂಡದ ಬಟ್ಟೆ ಒಗೆಯುತ್ತಿದ್ದೇನೆ, ಮೂಗು ಇನ್ನೂ ಒಗ್ಗಿಲ್ಲ.

ಪ್ರತಿಯೊಬ್ಬನಿಗೂ ಅವನ ನಂಬರಿನ ಒಂದು ಪಟ್ಟಿ ಇದೆ. ಬಿಚ್ಚಿದ ಒಳಬಟ್ಟೆಗಳನ್ನೆಲ್ಲ ಅದಕ್ಕೆ ಪೋಣಿಸಿ ಬಂಡಿಗೆ ಎಸೆಯಬೇಕು. ಪಟ್ಟಿಸಮೇತ ಮಿಷನ್ನಿಗೆ ಹಾಕಿ, ಒಣಗಿಸಿ, ಅವರವರ ಕಪಾಟಿಗೆ ನೇತುಹಾಕುವುದು ನನ್ನ ಕೆಲಸ. ಮುಖ ಮರೆತರೂ ಬಟ್ಟೆ ಮರೆಯುವವಳಲ್ಲ ನಾನು. ಯಾರು ಕುಡಿದು ಬಂದ, ಯಾರಿಗೆ ಭೇದಿ, ಯಾರು ಹೆದರಿ ಚಡ್ಡಿ ಒದ್ದೆ ಮಾಡಿಕೊಂಡ, ಎಲ್ಲ ನನಗೆ ಗೊತ್ತಾಗುತ್ತದೆ. ಕೇಳುವವರು ಮಾತ್ರ ಯಾರೂ ಇಲ್ಲ.

ಕೋಚ್ ರಿಕರ್ಟ್‌ಗೆ ಇದು ಇಲ್ಲಿ ಎರಡನೇ ವರ್ಷ. ಇನ್ನೂ ನನ್ನ ಹೆಸರು ಕಲಿತಿಲ್ಲ. "ಏಯ್ ಲಾಂಡ್ರಿ, ಟವೆಲು!" ಎಂದು ಕೂಗುತ್ತಾನೆ. ಬಾಯಲ್ಲಿ ಸದಾ ತಂಬಾಕು, ಕೈಯಲ್ಲಿ ಅದನ್ನು ಉಗಿಯುವ ಕಾಗದದ ಲೋಟ. ಇವತ್ತು ಅರ್ಧ ತುಂಬಿದ ಆ ಲೋಟವನ್ನು ನನ್ನ ಮಿಷನ್ನಿನ ಮೇಲಿಟ್ಟು ಹೋದ. 

ಈ ಹೊಲಸಿನಲ್ಲಿ ಒಬ್ಬನೇ ಒಬ್ಬ ಮನುಷ್ಯ, ಅರವತ್ತಾರನೇ ನಂಬರಿನ ಕೊರ್ಡೆಲ್ ಮೇಬ್ರಿ. ಸಾಲಿನ ನಡುವೆ ಬಗ್ಗಿ ನಿಂತು, ಕಾಲ ಸಂದಿಯಿಂದ ಚೆಂಡನ್ನು ಹಿಂದಕ್ಕೆ ಕೊಡುವವನು. ನೂರ ಮೂವತ್ತು ಕಿಲೋ ದೇಹ. ಅವನ ಕಾಲುಚೀಲ ಮಾತ್ರ ಸರಿಯಾಗಿ ಮಗುಚಿರುತ್ತದೆ, ಪಟ್ಟಿಯ ಗುಂಡಿ ಹಾಕಿರುತ್ತದೆ. ಯಾರು ಕಲಿಸಿದ್ದು ಎಂದು ಕೇಳಿದೆ. "ನಮ್ಮಮ್ಮ ಮೇಡಂ. ಮೀನಿನ ಕಾರ್ಖಾನೇಲಿ ದಿನವಿಡೀ ನಿಂತು ಬರ್ತಾಳೆ, ಬಂದ್ಮೇಲೆ ನನ್ನ ಕಾಲುಚೀಲಾನೂ ಮಗುಚಬೇಕಾ?" ಎಂದ.

ಸೆಪ್ಟೆಂಬರ್ 6, ಶನಿವಾರ

ಕೆಲಸ ಹೋಯಿತು ಅಂದುಕೊಂಡಿದ್ದೆ. ನಿನ್ನೆ ಬಿಳಿ ಬಟ್ಟೆಯ ಮಿಷನ್ನಿಗೆ ಒಂದು ಕೆಂಪು ಟವೆಲು ಸೇರಿಕೊಂಡಿತ್ತು. ತಂಡಕ್ಕೆ ಯಾವನೋ ಟ್ರಕ್ ಅಂಗಡಿಯವನು ಉಡುಗೊರೆ ಕೊಟ್ಟ ದರಿದ್ರ ಟವೆಲು. ತೆಗೆದು ನೋಡಿದರೆ ನೂರ ಎಂಬತ್ತನಾಲ್ಕು ಕಾಲುಚೀಲಗಳೂ ಎಳೆಗೂಸಿನ ಅಂಗಿಯಂತೆ ಗುಲಾಬಿ ಬಣ್ಣ. ಬೇರೆ ಜೊತೆ ಇರಲಿಲ್ಲ. ಎದುರಾಳಿಗಳೋ ದೊಡ್ಡ ವಿಶ್ವವಿದ್ಯಾಲಯದವರು, ನಮ್ಮಂಥ ಸಣ್ಣ ಕಾಲೇಜನ್ನು ತುಳಿದು ಹಾಕಲೆಂದೇ ಕರೆಸಿಕೊಂಡವರು.

"ಟಿವಿಯಲ್ಲಿ ತೋರಿಸ್ತಾರೆ ಕಣೇ!" ಎಂದು ಕೋಚ್ ಅರಚಿದ. "ಮೊದಲೇ ಆಮೆ ಅಂತ ಆಡಿಕೊಳ್ತಾರೆ, ಈಗ ಗುಲಾಬಿ ಆಮೆ ಮಾಡಿಟ್ಟಿದೀಯ." ನಮ್ಮ ತಂಡದ ಗುರುತು ಆಮೆ. ಕಚ್ಚುವ ಜಾತಿಯದು ಅಂತಾರೆ, ಆದರೂ ಆಮೆ ಆಮೆಯೇ.

ಸಂಜೆ ಆಮೆಗಳು ಗೆದ್ದವು. ಕೊನೆಯ ಹನ್ನೊಂದು ಸೆಕೆಂಡಿನಲ್ಲಿ.

ಸೆಪ್ಟೆಂಬರ್ 7, ಭಾನುವಾರ

ಚರ್ಚಿನಲ್ಲಿ ಪಾದ್ರಿ ಪ್ಯಾಂಟು ಎತ್ತಿ ತೋರಿಸಿದರು. ಗುಲಾಬಿ ಕಾಲುಚೀಲ. ಜನ ಚಪ್ಪಾಳೆ ಹೊಡೆದರು. ದೇವರ ಮನೆಯಲ್ಲಿ!

ಇಪ್ಪತ್ತೇಳು ವರ್ಷ ಹಾಲಿನಂಥ ಬಿಳುಪು ಕೊಟ್ಟೆ, ಒಂದು ಹುಳವೂ ಕತ್ತೆತ್ತಿ ನೋಡಲಿಲ್ಲ. ಒಂದು ದಿನ ಕೆಡಿಸಿದೆ, ಊರೇ ಪೂಜೆ ಮಾಡುತ್ತಿದೆ. ಗೆದ್ದೆತ್ತಿನ ಬಾಲ ಹಿಡಿಯುವವರಿಗೆ ಎತ್ತಿನ ಬಣ್ಣ ಯಾವುದಾದರೇನು.

ಕೋಚ್ ಬೆಳಗ್ಗೆಯೇ ಬಂದಿದ್ದ. "ಕೇಳಿಲ್ಲಿ, ಇನ್ಮೇಲೆ ಇದೇ ಬಣ್ಣ. ಇಷ್ಟೇ ಬಣ್ಣ. ಹೆಚ್ಚೂ ಬೇಡ, ಕಮ್ಮೀನೂ ಬೇಡ. ಗೆಲ್ತಿರೋವಾಗ ಏನೂ ಬದಲಾಯಿಸಬಾರದು."

ಬಸ್ಸಿನಲ್ಲಿ ಅದೇ ಸೀಟು, ಬೆಳಗ್ಗೆ ಅದೇ ಜೋಳದ ಗಂಜಿ, ಅದೇ ಎರಡು ಮೊಟ್ಟೆ. ಚೆಂಡೆಸೆಯುವ ಬ್ರೆಕ್ ತನ್ನ ಬನಿಯನ್ನು ಇನ್ನು ಈ ವರ್ಷದ ಪಂದ್ಯಗಳು ಮುಗಿಯುವವರೆಗೆ ಒಗೆಯಬಾರದೆಂದು ಕೈಮುಗಿದು ಹೇಳಿ ಹೋದ. ಕಾಲೇಜಿಗೆ ಕಳಿಸಿ ಓದಿಸಿದ ಮಕ್ಕಳು ಇವರು. ಥೂ.

ಅಕ್ಟೋಬರ್ 5

ಐದಕ್ಕೆ ಐದು. ಬ್ರೆಕ್‌ನ ಬನಿಯನ್ನಿಗೆ ಐದು ವಾರದ ಬೆವರು. ಚಿಮಟದಲ್ಲಿ ಹಿಡಿದು ಪ್ಲಾಸ್ಟಿಕ್ ಚೀಲಕ್ಕೆ ಹಾಕಿ ಗಂಟು ಕಟ್ಟಿದ್ದೇನೆ. ಸತ್ತ ಹೆಗ್ಗಣವೂ ಇಷ್ಟು ನಾರುವುದಿಲ್ಲ.

ಈಗ ಹೊಸದೊಂದು ಶುರುವಾಗಿದೆ. ಮೈದಾನಕ್ಕೆ ಇಳಿಯುವ ಮುಂಚೆ ಸಾಲಾಗಿ ಬಂದು ನನ್ನ ಏಪ್ರನ್ನಿನ ಅಂಚು ಮುಟ್ಟಿ ಹೋಗುತ್ತಾರೆ. ನಾನು ಮನುಷ್ಯಳೋ ಬಾಗಿಲಿಗೆ ಕಟ್ಟಿದ ತಾಯತವೋ? ಕೈ ಒದರಿ ಓಡಿಸಿದೆ. ಹಲ್ಲು ಕಿರಿದು ಮತ್ತೆ ಬಂದರು.

ಏಪ್ರನ್ನು ಒಗೆಯಬೇಡಿ ಎಂದು ಯಾರೋ ಹೇಳಿದರು. ಒಗೆದೆ.

ಅಕ್ಟೋಬರ್ 19, ಭಾನುವಾರ

ಅರವತ್ತಾರರ ಬಿಳಿ ಬಿಗಿಚಡ್ಡಿಯಲ್ಲಿ ಕಲೆ. ಮೊದಲು ಕೋಲಾ ಚೆಲ್ಲಿರಬೇಕು ಅಂದುಕೊಂಡೆ. ಕೋಲಾ ಅಲ್ಲಿಗೆ ಹೇಗೆ ಚೆಲ್ಲುತ್ತದೆ? ಮೂಸಿ ನೋಡಿದೆ. ಮೂಸುವುದು ಹೊಲಸು ಕೆಲಸವೇ, ಆದರೆ ನನ್ನ ಕೆಲಸ ಅದೇ. ಕೋಲಾ ಅಲ್ಲ.

ನನ್ನ ಗಂಡ ಎಮೆಟ್‌ಗೆ ಹೀಗೆಯೇ ಶುರುವಾಗಿತ್ತು. ಆಮೇಲೆ ಐದು ವರ್ಷ, ವಾರಕ್ಕೆ ಮೂರು ದಿನ, ರಕ್ತ ಶುದ್ಧಿ ಮಾಡುವ ಯಂತ್ರದ ಪಕ್ಕದ ಕುರ್ಚಿ. ಆಮೇಲೆ ಅದೂ ಇಲ್ಲ.

ಅಕ್ಟೋಬರ್ 26, ಭಾನುವಾರ

ಮತ್ತೆ ಕಲೆ. ಬಟ್ಟೆ ಕೊಡುವ ಕಿಟಕಿಗೆ ಕೊರ್ಡೆಲ್ ಬಂದಾಗ ಉಳಿದವರು ಹೋಗುವವರೆಗೂ ನಿಲ್ಲಿಸಿಕೊಂಡೆ.

"ಮಗಾ, ಮೂತ್ರ ಯಾವ ಬಣ್ಣಕ್ಕೆ ಹೋಗ್ತಿದೆ?"

"ಅಯ್ಯೋ ಮಿಸ್ ವರ್ನೆಟ್, ಇದನ್ನೆಲ್ಲ ಕೇಳ್ತಾರಾ?"

"ನಾಚಿಕೆ ಆಮೇಲೆ ಪಡು. ನಿನ್ನ ಚಡ್ಡಿ ಒಗೆಯೋಳು ನಾನು. ಹೇಳು."

"ಟೀ ಥರ. ಪಂದ್ಯ ಆದ್ಮೇಲೆ ಒಂದೆರಡು ದಿನ ಅಷ್ಟೆ. ಸರಿಹೋಗತ್ತೆ."

"ಬೆನ್ನು ನೋವಿಗೆ ಏನು ನುಂಗ್ತಿದೀಯ?"

"ಎಲ್ರೂ ನುಂಗೋದೇ. ಅಂಗಡಿ ಮಾತ್ರೆ."

"ಎಷ್ಟು?"

ಅಂಗೈ ಬಟ್ಟಲು ಮಾಡಿ ತೋರಿಸಿದ. ಅವನ ಅಂಗೈಯಲ್ಲಿ ನನ್ನ ಎರಡು ಕೈ ಹಿಡಿಸುತ್ತವೆ.

"ಚಿಕಿತ್ಸೆ ಕೋಣೆಗೆ ಹೋಗಿ ಕಿಪ್‌ಗೆ ಹೇಳು. ಇವತ್ತೇ ಹೇಳು."

"ಹೇಳಿದ್ರೆ ಕೂರಿಸ್ತಾನೆ ಮೇಡಂ. ನಾನು ಕೂತ್ರೆ ಬ್ರೆಕ್‌ಗೆ ಚೆಂಡು ಕೊಡೋರ್ಯಾರು? ಮೂರು ವರ್ಷದಿಂದ ನನ್ನ ಕೈಯಿಂದಾನೇ ತಗೊಂಡಿರೋದು ಅವನು. ನೀವೇ ಹೇಳಿ, ಗೆಲ್ತಿರೋವಾಗ ಯಾರಾದ್ರೂ ಬದಲಾಯಿಸ್ತಾರಾ?"

ಅವನು ಕೋಚ್‌ನ ದನಿಯನ್ನೇ ಮಾಡಿ ಹೇಳಿದ್ದಕ್ಕೆ ನಗು ಬಂತು. ನಕ್ಕುಬಿಟ್ಟೆ. ಬರುವ ಶನಿವಾರದ ಪಂದ್ಯವೊಂದು ಮುಗಿಯಲಿ, ನೀನು ಹೇಳದಿದ್ದರೆ ನಾನೇ ಹೇಳುತ್ತೇನೆ ಅಂದೆ. ಒಪ್ಪಿಕೊಂಡು ಹೋದ.

ನವೆಂಬರ್ 2

ಒಂಬತ್ತಕ್ಕೆ ಒಂಬತ್ತು. ಇನ್ನೆರಡು ಗೆದ್ದರೆ ಚಾಂಪಿಯನ್‌ಶಿಪ್ಪಿನ ನಾಕೌಟು. ಈ ಕಾಲೇಜು ಹುಟ್ಟಿದಾಗಿನಿಂದ ಅಲ್ಲಿಗೆ ಹೋಗಿಲ್ಲವಂತೆ.

ಮೈದಾನದ ಹೊರಗೆ ಬೆಳಗ್ಗೆಯಿಂದ ಟ್ರಕ್ಕುಗಳ ಹಿಂದೆ ಹಂದಿಮಾಂಸ ಸುಡುತ್ತ ಕುಡಿಯುವ ಜನ. ಹೊಟ್ಟೆಗೆ ಬಣ್ಣ ಬಳಿದುಕೊಂಡ ಅಜ್ಜಂದಿರು. ಒಬ್ಬ ನನ್ನ ಕಾರಿನ ಚಕ್ರಕ್ಕೆ ಉಚ್ಚೆ ಹೊಯ್ಯುತ್ತಿದ್ದ, ನನ್ನನ್ನು ಕಂಡು ಟೋಪಿ ತೆಗೆದು, "ಮಿಸ್ ವರ್ನೆಟ್ ಅಲ್ವಾ! ಕಾಲುಚೀಲದಮ್ಮ!" ಎಂದ. ಉಚ್ಚೆ ಮಾತ್ರ ನಿಲ್ಲಿಸಲಿಲ್ಲ.

ಕಲೆ ಇತ್ತು. ತಣ್ಣೀರಲ್ಲಿ ನೆನೆಸಿ ಉಜ್ಜಿದರೆ ಹೋಗುತ್ತದೆ.

ಇನ್ನೊಂದು ಶನಿವಾರ ನೋಡೋಣ.

ನವೆಂಬರ್ 9

ಹೆಚ್ಚು ಬರೆಯುವಂಥದ್ದೇನಿಲ್ಲ. ಗೆಲುವು. ಕಾಲುಚೀಲದ ಬಣ್ಣ ಮಾಸುತ್ತಿತ್ತು, ಆ ಕೆಂಪು ಟವೆಲನ್ನೇ ಹುಡುಕಿ ಹದಿನೈದು ನಿಮಿಷ ಜೊತೆಗೆ ಹಾಕಿದೆ. ಹದಿನೈದೇ ನಿಮಿಷ. ಇಪ್ಪತ್ತು ಆದರೆ ಕಡುವಾಗುತ್ತದೆ.

ನವೆಂಬರ್ 17, ಸೋಮವಾರ

ಕಿಪ್ ಹತ್ತಿರ ಹೋದೆ. ಹೇಳಬೇಕೆಂದೇ ಹೋದೆ. ಆ ಚಡ್ಡಿಯನ್ನು ಒಗೆಯದೆ ಚೀಲದಲ್ಲಿ ಹಾಕಿಕೊಂಡು ಹೋಗಿದ್ದೆ.

ಕೋಣೆಯಲ್ಲಿ ಯಾರದೋ ಮಂಡಿಗೆ ಬಟ್ಟೆ ಸುತ್ತುತ್ತಿದ್ದ. ನನ್ನನ್ನು ನೋಡಿದ್ದೇ ಅವನ ಮುಖ ಬಿಳಿಚಿಕೊಂಡಿತು. "ಏನಾಯ್ತು ಮಿಸ್ ವರ್ನೆಟ್? ಸೋಮವಾರ ನೀವು ಈ ಕಡೆ ಬರೋರಲ್ಲ. ಏನೂ ಬದಲಾಗಿಲ್ಲ ತಾನೆ?"

ಆ ಮಂಡಿಯ ಹುಡುಗನೂ ತಲೆ ಎತ್ತಿ ನನ್ನನ್ನೇ ನೋಡಿದ. ಹುಚ್ಚರ ಸಂತೆ. ಓದಿದವನು, ಗೋಡೆ ತುಂಬ ಸರ್ಟಿಫಿಕೇಟು ತೂಗುಹಾಕಿಕೊಂಡವನು, ನಾನು ಸೋಮವಾರ ಬಾಗಿಲಲ್ಲಿ ನಿಂತದ್ದಕ್ಕೆ ನಡುಗುತ್ತಿದ್ದಾನೆ.

"ಇಲ್ಲ, ಏನೂ ಬದಲಾಗಿಲ್ಲ," ಅಂದೆ. "ಟವೆಲು ಸಾಕಾ ಅಂತ ಕೇಳೋಣ ಅಂತ ಬಂದೆ."

"ಸಾಕು ಸಾಕು. ದೇವ್ರು ದೊಡ್ಡವನು." ಎದ್ದು ಬಂದು ನನ್ನ ಏಪ್ರನ್ನು ಮುಟ್ಟಿಕೊಂಡ.

ವಾಪಸು ಬಂದು ಚಡ್ಡಿ ಒಗೆದೆ. ಹನ್ನೊಂದಕ್ಕೆ ಹನ್ನೊಂದು ಆಗಿದೆ, ನಾಕೌಟು ಶುರು. ಒಂದು ಸೋತರೆ ಎಲ್ಲ ಅಲ್ಲಿಗೇ ಮುಗಿಯುತ್ತದೆ, ಹುಡುಗ ತಾನಾಗಿ ವಿಶ್ರಾಂತಿ ತೆಗೆದುಕೊಳ್ಳುತ್ತಾನೆ. ಹೇಗೂ ಈ ಆಮೆಗಳು ಎಷ್ಟು ದೂರ ಹೋಗಿಯಾವು.

ನವೆಂಬರ್ 30

ಗೆದ್ದರು. ಕೊರ್ಡೆಲ್ ಪಂದ್ಯದ ಕೊನೆಯ ಕಾಲುಭಾಗದಲ್ಲಿ ಅಂಚಿಗೆ ಬಂದು ಬಕೆಟ್ಟಿಗೆ ವಾಂತಿ ಮಾಡಿ, ಬಾಯಿ ಒರೆಸಿಕೊಂಡು ಮತ್ತೆ ಒಳಗೆ ಹೋದ. ಜನ ಎದ್ದು ನಿಂತು ಚಪ್ಪಾಳೆ ತಟ್ಟಿದರು. ವಾಂತಿಗೂ ಚಪ್ಪಾಳೆ ತಟ್ಟುವ ಜನರನ್ನು ನೋಡಿದ್ದು ಇದೇ ಮೊದಲು. ಆ ಬಕೆಟ್ಟು ತೊಳೆದವಳು ನಾನು.

ಕಿಟಕಿಯಲ್ಲಿ, "ಹೆಂಗಿದೀಯ?" ಎಂದು ಕೇಳಿದೆ. "ಒಂಚೂರು ಕಾಲು ಊತ," ಎಂದ. ನೀರು ಕುಡಿ ಅಂದೆ. ಎಮೆಟ್‌ಗೂ ಮೊದಲು ಕಾಲೇ ಊದಿದ್ದು. ಆದರೆ ಎಮೆಟ್‌ಗೆ ಐವತ್ತಾರು ವರ್ಷ ಆಗಿತ್ತು, ಸಕ್ಕರೆ ಕಾಯಿಲೆ ಇತ್ತು. ಇವನಿಗೆ ಇಪ್ಪತ್ತೊಂದು.

ಡಿಸೆಂಬರ್ 8, ಸೋಮವಾರ

ಶನಿವಾರವೂ ಗೆದ್ದ ಖುಷಿಗೆ ಕಾಲೇಜಿನಲ್ಲಿ ಸಭೆ, ಕೋಚ್ ನನ್ನನ್ನು ವೇದಿಕೆಗೆ ಕರೆದ. ಮೂರು ಸಾವಿರ ಜನ. ಒಗೆಯುವ ಏಪ್ರನ್ನಿನಲ್ಲಿಯೇ ಹೋಗಬೇಕಾಯಿತು.

"ಎಲ್ರೂ ನನ್ನ ಹೊಗಳ್ತೀರಿ," ಎಂದ ಮೈಕಿನಲ್ಲಿ. "ಈ ತಂಡದ ಬೆನ್ನೆಲುಬು ಯಾರು ಗೊತ್ತಾ? ಮಿಸ್ ವರ್ನೆಟ್ ಸ್ಟೋಕ್ಸ್! ಫೈನಲ್‌ಗೆ ಹೋದ್ರೆ, ವಿಮಾನದಲ್ಲಿ ನನ್ನ ಪಕ್ಕದ ಸೀಟು ಇವರದ್ದು."

ಹೆಸರು ಕಲಿತಿದ್ದಾನೆ, ಸೋಗಲಾಡಿ. ಹತ್ತಿರ ನಿಂತರೆ ತಂಬಾಕಿನ ನಾತ. ಹೆಗಲ ಮೇಲೆ ಕೈ ಹಾಕಿದ, ಅದರ ಬೆವರು ಅಂಗಿಯ ಮೂಲಕ ಮೈಗೆ ತಾಗಿತು. ಜನ 'ವರ್ನೆಟ್, ವರ್ನೆಟ್' ಎಂದು ಕೂಗಿದರು. ಎಷ್ಟು ಹೊತ್ತು ಕೂಗಿದರೆಂದರೆ, ಕೊನೆಗೆ ಕೈ ಬೀಸಲೇಬೇಕಾಯಿತು.

ನಾನು ವಿಮಾನ ಹತ್ತಿದವಳಲ್ಲ. ಶನಿವಾರ ಒಂದು ಗೆದ್ದುಬಿಟ್ಟರೆ ಸಾಕು.

ಏಪ್ರನ್ನು ಈಚೆಗೆ ಒಗೆಯುತ್ತಿಲ್ಲ. ಸುಮ್ಮನೆ ಯಾಕೆ.

ಡಿಸೆಂಬರ್ 14, ಭಾನುವಾರ

ಗೆದ್ದೆವು! ಇನ್ನು ಟೆಕ್ಸಾಸ್, ಫೈನಲ್.

ಈ ಸಲ ಕಲೆ ಕಾಫಿಯ ಗಸಿಯಂತೆ ಕಡುಕಂದು. ನೀರು, ಸೋಪು ಯಾವುದಕ್ಕೂ ಬಗ್ಗಲಿಲ್ಲ. ಔಷಧಿ ಅಂಗಡಿಗೆ ಹೋಗಿ ಗಾಯ ತೊಳೆಯುವ ಪೆರಾಕ್ಸೈಡ್ ಎರಡು ಬಾಟಲಿ ತಂದು ಸುರಿದೆ. ನೊರೆ ಬಂದು ಬಿಟ್ಟುಕೊಂಡಿತು. ಬಿಳಿ ಬಂತು, ಅಂಗಡಿಯಿಂದ ತಂದ ಹಾಗೆ. ಇಂಥ ಕಲೆ ತೆಗೆಯುವವರು ಈ ಜಿಲ್ಲೆಯಲ್ಲಿ ಇನ್ನೊಬ್ಬರಿಲ್ಲ.

ಕೊರ್ಡೆಲ್ ಕೇಳಿದ, "ಮಿಸ್ ವರ್ನೆಟ್, ಹೇಳಿಬಿಡ್ಲಾ ಕಿಪ್‌ಗೆ? ರಾತ್ರಿ ಮಲಗಿದ್ರೆ ಉಸಿರು ಕಟ್ಟಿದ ಹಾಗಾಗತ್ತೆ."

ಅವನಾಗಿಯೇ ಕೇಳಿದ. ನಾನು ಅವನ ಪಟ್ಟಿಯನ್ನು ಮಡಚಿ ಕೈಗೆ ಕೊಟ್ಟೆ.

"ಆರೇ ದಿನ ಮಗಾ," ಅಂದೆ. "ಇಷ್ಟು ದಿನ ತಡ್ಕೊಂಡಿದೀಯ. ಆಮೇಲೆ ನಾನೇ ಕೈ ಹಿಡ್ಕೊಂಡು ಆಸ್ಪತ್ರೆಗೆ ಕರ್ಕೊಂಡು ಹೋಗ್ತೀನಿ."

"ಹೂಂ ಮೇಡಂ," ಎಂದ. ದೊಡ್ಡವರ ಮಾತಿಗೆ ಎದುರಾಡುವ ಹುಡುಗನಲ್ಲ.

ಹುಡುಗರನ್ನು ದನದ ಹಾಗೆ ದುಡಿಸುವ ಈ ಕೋಚ್‌ಗೆ ಒಂದು ದಿನ ದೇವರು ಲೆಕ್ಕ ಕೇಳುತ್ತಾನೆ.

ಡಿಸೆಂಬರ್ 20, ಶನಿವಾರ, ಟೆಕ್ಸಾಸ್

ಚಾಂಪಿಯನ್ನರು! ನಾವು! ಮೂವತ್ತೊಂದು, ಇಪ್ಪತ್ತೆಂಟು.

ಕೋಚ್ ಅಳುತ್ತ ತಬ್ಬಿಕೊಂಡ, ತಂಬಾಕಿನ ಎಂಜಲು ನನ್ನ ಕಿವಿಗೆ ತಾಗಿತು. ಒರೆಸಿಕೊಳ್ಳಲೂ ಮರೆತಿದ್ದೆ. ಕೊನೆಯ ಓಟಕ್ಕೆ ಕೊರ್ಡೆಲ್ ಇಬ್ಬರನ್ನು ಒಟ್ಟಿಗೆ ನೂಕಿ ದಾರಿ ಮಾಡಿಕೊಟ್ಟ. ಆಮೇಲೆ ಹುಲ್ಲಿನ ಮೇಲೆ ಮಂಡಿಯೂರಿ ಕುಳಿತವನು ಬಹಳ ಹೊತ್ತು ಏಳಲಿಲ್ಲ. ಪ್ರಾರ್ಥನೆ ಮಾಡುತ್ತಿದ್ದಾನೆ ಅಂದರು. ನಾನೂ ಹಾಗೆಯೇ ಅಂದುಕೊಂಡೆ.

ಡಿಸೆಂಬರ್ 22, ಸೋಮವಾರ

ಊರಲ್ಲಿ ಮೆರವಣಿಗೆ. ಬೆಂಕಿ ಆರಿಸುವ ಲಾರಿಯ ಮೇಲೆ ಹುಡುಗರು, ಲಾರಿಗೂ ಗುಲಾಬಿ ಬಟ್ಟೆ. ಅರವತ್ತಾರು ಇರಲಿಲ್ಲ. ಎಲ್ಲಿ ಎಂದು ಬ್ರೆಕ್‌ನನ್ನು ಕೇಳಿದೆ. ಬೆಳಗ್ಗೆ ಹಾಸ್ಟೆಲಿನ ಸ್ನಾನದ ಮನೆಯಲ್ಲಿ ಬಿದ್ದಿದ್ದನಂತೆ, ಆಂಬುಲೆನ್ಸು ಬಂತಂತೆ. "ಎರಡು ಕಿಡ್ನೀನೂ ನಿಂತುಹೋಗಿದೆ ಅಂತಾರೆ ಮೇಡಂ. ಕೋಚ್ ಹೇಳಿದ್ರು, ಮೆರವಣಿಗೆ ಮುಗಿಯೋವರೆಗೂ ಯಾರೂ ಮಾತಾಡಬೇಡಿ ಅಂತ."

ಆ ಮನುಷ್ಯ ಲಾರಿಯ ಮೇಲೆ ನಿಂತು ಮಕ್ಕಳಿಗೆ ಮಿಠಾಯಿ ಎರಚುತ್ತಿದ್ದ. ಗೊತ್ತಿದ್ದೂ ಬಾಯಿ ಮುಚ್ಚಿಕೊಂಡು ನಗುತ್ತಿರುವವನನ್ನು ಕಂಡು ಮೈಯೆಲ್ಲ ಉರಿಯಿತು. ಇಂಥವರು ಮನುಷ್ಯರಾ?

ಡಿಸೆಂಬರ್ 24, ಬುಧವಾರ

ಆಸ್ಪತ್ರೆಗೆ ಹೋದೆ.

ಅದೇ ಯಂತ್ರ. ಎಮೆಟ್‌ನ ಕಾಲದ್ದಕ್ಕಿಂತ ಚಿಕ್ಕದು, ಸದ್ದು ಅದೇ. ಕೊರ್ಡೆಲ್ ಹಾಸಿಗೆ ತುಂಬ ಊದಿಕೊಂಡು ಮಲಗಿದ್ದ, ಕಣ್ಣು ಮುಚ್ಚಿತ್ತು. ಪಕ್ಕದ ಕುರ್ಚಿಯಲ್ಲಿ ಅವನ ತಾಯಿ ಒರೀಥಾ. ಮಿಸಿಸಿಪ್ಪಿಯಿಂದ ರಾತ್ರಿಯೆಲ್ಲ ಬಸ್ಸಿನಲ್ಲಿ ಬಂದವಳು, ಕಾರ್ಖಾನೆಯ ರಬ್ಬರು ಬೂಟನ್ನೂ ಬದಲಾಯಿಸಿರಲಿಲ್ಲ. ನನ್ನನ್ನು ಕಂಡು ಎದ್ದು ನಿಂತಳು.

"ನೀವೇನಾ ಮಿಸ್ ವರ್ನೆಟ್? ಫೋನ್ ಮಾಡ್ದಾಗೆಲ್ಲ ನಿಮ್ಮದೇ ಮಾತು ಇವನಿಗೆ. ಅಲ್ಲಿ ಒಬ್ರು ಹಿರೇರು ಇದಾರಲ್ಲ ಅಂತ ನಾನೂ ಧೈರ್ಯವಾಗಿದ್ದೆ."

ಕಿಡ್ನಿ ಮತ್ತೆ ಕೆಲಸ ಮಾಡುತ್ತವೆಯೇ ಎಂದು ಕೇಳಿದೆ. ಡಾಕ್ಟರಿಗೆ ನಂಬಿಕೆ ಇಲ್ಲವಂತೆ. ಎರಡು ತಿಂಗಳ ಹಿಂದೆ ಬಂದಿದ್ದರೆ ಮಾತ್ರೆ ನಿಲ್ಲಿಸಿ, ಮಲಗಿಸಿ, ಸರಿ ಮಾಡಬಹುದಿತ್ತಂತೆ. ಅವಳು ಅದನ್ನು ಯಾರ ಮೇಲೂ ಸಿಟ್ಟಿಲ್ಲದೆ ಹೇಳಿದಳು. ಆಮೇಲೆ ನನ್ನ ಕೈ ನೋಡುತ್ತ ಕೇಳಿದಳು.

"ಒಂದು ಮಾತು ಕೇಳ್ಲಾ ಅಕ್ಕಾ? ಇವನು ಹೈಸ್ಕೂಲು ಮುಗಿಸೋವರೆಗೂ ಬಟ್ಟೆ ನಾನೇ ಒಗ್ದಿದ್ದು. ಜ್ವರ ಬರೋ ಮುಂಚೆ ದಿಂಬಿನ ಚೀಲದಲ್ಲೇ ನಂಗೆ ಗೊತ್ತಾಗ್ತಿತ್ತು. ಬಣ್ಣ ಬದಲಾಗಿರತ್ತೆ ಅಂತಾರೆ ಡಾಕ್ಟ್ರು. ನೀವು ಒಗೀತಿದ್ರಲ್ಲ, ಬಟ್ಟೆ ಮೇಲೆ ಏನೂ ಕಾಣ್ಲಿಲ್ವಾ?"

ದೂರು ಅಲ್ಲ. ಒಗೆಯುವ ಹೆಂಗಸೊಬ್ಬಳು ಒಗೆಯುವ ಹೆಂಗಸನ್ನು ಕೇಳುವಂತೆ ಕೇಳಿದಳು.

"ಇಲ್ಲ," ಅಂದೆ. "ತೊಂಬತ್ತೆರಡು ಜನದ ಬಟ್ಟೆ. ಎಲ್ಲ ಒಟ್ಟಿಗೆ ಮಿಷನ್ನಿಗೆ ಹೋಗತ್ತೆ."

ಕೊರ್ಡೆಲ್ ಕಣ್ಣು ಬಿಟ್ಟ. ನಿದ್ದೆ ಬಂದಿರಲಿಲ್ಲ ಅವನಿಗೆ. ನನ್ನನ್ನು ನೋಡಲಿಲ್ಲ, ಅವಳನ್ನೇ ನೋಡಿದ.

"ಅವ್ರಿಗೆ ಹೆಂಗೆ ಕಾಣತ್ತಮ್ಮಾ? ನಾನೇ ಸ್ನಾನದ ಮನೇಲಿ ಒಗ್ದು ಹಾಕ್ತಿದ್ದೆ. ಮಿಸ್ ವರ್ನೆಟ್‌ಗೆ ಏನೂ ಗೊತ್ತಿಲ್ಲ."

"ಕಳ್ಳ ನನ್ಮಗನೆ," ಎಂದು ಅವಳು ಅವನ ಊದಿದ ಕೆನ್ನೆಗೆ ಮೆಲ್ಲಗೆ ಬಡಿದು ಅತ್ತಳು. ಆಮೇಲೆ ನನ್ನ ಎರಡು ಕೈಯನ್ನೂ ಹಿಡಿದುಕೊಂಡಳು. ಬೆರಳ ತುಂಬ ಮೀನು ಸೀಳುವ ಚಾಕುವಿನ ಗಾಯ. "ಕ್ಷಮಿಸಿ ಅಕ್ಕಾ. ನಿಮ್ಮನ್ನ ಕೇಳಬಾರದಿತ್ತು."

ಎದೆ ಹಗುರವಾಯಿತು. ನಿಜವಾಗಿಯೂ ಹಗುರವಾಯಿತು, ಸುಳ್ಳು ಬರೆಯುವುದಿಲ್ಲ. ಲಿಫ್ಟಿನಲ್ಲಿ ಇಳಿಯುವಾಗ, ಇನ್ನು ಯಾರಿಗೂ ಗೊತ್ತಾಗುವುದಿಲ್ಲ ಎಂದು ನೆಮ್ಮದಿಯಿಂದ ಅಂದುಕೊಂಡೆ. ಕೆಳಗೆ ಬಾಗಿಲ ಹತ್ತಿರ ಬರುವಷ್ಟರಲ್ಲಿ ಹೊಟ್ಟೆಯೊಳಗಿನದೆಲ್ಲ ಮೇಲೆ ಬಂತು. ಕಸದ ಡಬ್ಬಿ ಹಿಡಿದುಕೊಂಡು ವಾಂತಿ ಮಾಡಿಕೊಂಡೆ. ನಿಂತಿತು ಅಂದುಕೊಂಡರೆ ಮತ್ತೆ ಬರುತ್ತಿತ್ತು.

ಕಾವಲಿನವನು ಓಡಿ ಬಂದು ನೀರು ಕೊಟ್ಟ, ಬೆನ್ನು ಸವರಿದ.

"ನಿಮ್ಮೋರು ಯಾರಾದ್ರೂ ಒಳಗಿದಾರಾ ಮೇಡಂ?" ಎಂದು ಕೇಳಿದ.

ಇಲ್ಲ, ಅಂದೆ.